ಕಿವಿಯಿಂದ ನೋಡುವ ಚೆಂಡಾಟ

ಅರುವತ್ತು ವರ್ಷ ತುಂಬಿದ, ಸಂಸ್ಕೃತ ಪಾಠ ಹೇಳಿ ನಿವೃತ್ತರಾದ ಮನುಷ್ಯರು ಅಮೆರಿಕದ ಬ್ಯಾಸ್ಕೆಟ್‌ಬಾಲ್ ಆಟದ ವಿಷಯವಾಗಿ ಲೇಖನಿಯನ್ನು ಹಿಡಿಯುವುದು ಕೆಲವು ವಾಚಕರಿಗೆ ವಿನೋದವಾಗಿ ತೋರಬಹುದು. ನಮ್ಮ ಮನೆಯವರಿಗೂ ಮೊದಮೊದಲು ಹಾಗೆಯೇ ತೋರಿತು. ಬೆಳಿಗ್ಗೆ ಎಂಟೂವರೆ ಗಂಟೆಗೆ ಸ್ನಾನಾಹ್ನಿಕಗಳು ಮುಗಿದು, ಕಾಫಿಯ ಲೋಟವು ಕೈಯಲ್ಲಿರುವಾಗ, ನಾವು ಕಿವಿಗೊಂದು ಯಂತ್ರವನ್ನು ಸಿಕ್ಕಿಸಿಕೊಂಡು ಕಣ್ಣು ಮುಚ್ಚಿ ಕುಳಿತಿರುವುದನ್ನು ಕಂಡು, ಜಪವೆಂದು ಭ್ರಮಿಸಿ, ನೆರೆಯವರೊಬ್ಬರು ಬಾಗಿಲಿನಿಂದಲೇ ಹಿಂದಿರುಗಿದ್ದೂ ಉಂಟು. ಜಪವಲ್ಲ, ಆ ಹೊತ್ತಿನಲ್ಲಿ ಕ್ಯಾಲಿಫೋರ್ನಿಯಾದ ಸ್ಯಾಕ್ರಮೆಂಟೊ ನಗರದಲ್ಲಿ ಹಿಂದಿನ ದಿನದ ಸಂಜೆ ಏಳು ಗಂಟೆ, ಅಲ್ಲಿನ ‘ಕಿಂಗ್ಸ್’ ತಂಡದವರು ಆಟಕ್ಕೆ ಇಳಿಯುವ ಸಮಯ.

ಕಾರಣವನ್ನು ಮೊದಲೇ ಹೇಳಿಬಿಡುತ್ತೇವೆ. ನಮಗೆ ಗ್ಲಾಕೋಮಾ ಎಂಬ ನೇತ್ರರೋಗವಿರುವುದು ಕೆಲವು ವರ್ಷಗಳ ಹಿಂದೆ ತಿಳಿಯಿತು. ಕಣ್ಣಿನ ನರವು ಸವೆದು, ದೃಷ್ಟಿಯು ಸುತ್ತಲಿನಿಂದ ಒಳಕ್ಕೆ ಕಿರಿದಾಗುತ್ತ ಬರುವ ರೋಗವಿದು. ಹೋದ ದೃಷ್ಟಿಯು ಮರಳುವುದಿಲ್ಲ. ಇರುವುದನ್ನು ಔಷಧಿಯಿಂದ ಕಾಪಾಡಿಕೊಳ್ಳಬಹುದು, ಅಷ್ಟೆ. ನಮಗೆ ಎದುರಿಗಿರುವ ಪುಸ್ತಕದ ಅಕ್ಷರವು ಕಾಣುತ್ತದೆ. ಪಕ್ಕದಿಂದ ಓಡಿಬರುವ ವಸ್ತುವು ಕಾಣುವುದಿಲ್ಲ. ಹತ್ತು ಜನರು ಓಡಾಡುವ ಆಟವನ್ನು ದೂರದರ್ಶನದ ಪರದೆಯ ಮೇಲೆ ನೋಡಹೊರಟರೆ, ಚೆಂಡೆಲ್ಲಿದೆಯೆಂದು ನಾವು ಹುಡುಕುವಷ್ಟರಲ್ಲಿ ಅದು ಇನ್ನೊಂದು ತುದಿಯ ಬುಟ್ಟಿಗೆ ಬಿದ್ದು ಆಗಿರುತ್ತದೆ.

ಇನ್ನೊಂದು ಕಾರಣ ನಮ್ಮ ಮೊಮ್ಮಗ. ಮಗಳೂ ಅಳಿಯಂದಿರೂ ಸ್ಯಾಕ್ರಮೆಂಟೊದಲ್ಲಿದ್ದಾರೆ. ಹುಡುಗನು ಹುಟ್ಟಿದ್ದೂ ಅಲ್ಲಿಯೇ. ವಾರಕ್ಕೊಮ್ಮೆ ಟೆಲಿಫೋನಿನಲ್ಲಿ “ಊಟವಾಯಿತೇನಪ್ಪ?” ಎಂದು ನಾವು ಕೇಳುವುದು, “ಆಯಿತು ತಾತ” ಎಂದು ಅವನು ಹೇಳುವುದು, ಆಮೇಲೆ ಇಬ್ಬರಿಗೂ ಮಾತು ತೋಚದೆ ಅವನು ತಾಯಿಯ ಕೈಗೆ ಯಂತ್ರವನ್ನು ಕೊಟ್ಟು ಓಡುವುದು, ಇದು ಬಹುಕಾಲದ ಪದ್ಧತಿಯಾಗಿತ್ತು. ಹೀಗೆಯೇ ಎರಡು ವರ್ಷ ನಡೆದರೆ ಆ ಒಂದು ಮಾತೂ ಕನ್ನಡದಲ್ಲಿ ಉಳಿಯದೆಂಬ ಭಯವು ನಮಗೆ ಹುಟ್ಟಿತ್ತು. ಅಲ್ಲಿಗೆ ಹೋಗಿ ಒಂದು ಚಳಿಗಾಲವನ್ನು ಕಳೆದಾಗ, ಅಳಿಯಂದಿರ ಕಾರಿನ ಹಿಂದಿನ ಆಸನದಲ್ಲಿ ಹುಡುಗನ ಪಕ್ಕದಲ್ಲಿ ಕುಳಿತು ನಾವು ಈ ಆಟವನ್ನು ಮೊದಲಬಾರಿಗೆ ಕೇಳಿದೆವು. ಶಾಲೆಯಿರುವ ದಿನ ರಾತ್ರಿ ದೂರದರ್ಶನ ಕೂಡದೆಂಬುದು ಮಗಳ ಕಟ್ಟಪ್ಪಣೆ. ರೇಡಿಯೋವಿಗೆ ಮಾತ್ರ ವಿನಾಯಿತಿ. ಹೀಗೆ ಕಣ್ಣಿಲ್ಲದ ತಾತನೂ ಅಪ್ಪಣೆಯಿಲ್ಲದ ಮೊಮ್ಮಗನೂ ಒಂದೇ ಪೀಠಕ್ಕೆ ಬಂದೆವು.

ಆಟದ ಪರಿಚಯವಿಲ್ಲದವರಿಗಾಗಿ ನಾಲ್ಕು ಮಾತು. 1891ರ ಡಿಸೆಂಬರಿನಲ್ಲಿ ಮಸಾಚುಸೆಟ್ಸ್ ಸಂಸ್ಥಾನದ ಸ್ಪ್ರಿಂಗ್‌ಫೀಲ್ಡಿನಲ್ಲಿ ಜೇಮ್ಸ್ ನೈಸ್ಮಿತ್ ಎಂಬ ವ್ಯಾಯಾಮದ ಉಪಾಧ್ಯಾಯರು, ಚಳಿಗಾಲದಲ್ಲಿ ಹೊರಗೆ ಆಡಲಾರದೆ ತುಂಟತನಕ್ಕೆ ತೊಡಗಿದ್ದ ವಿದ್ಯಾರ್ಥಿಗಳಿಗಾಗಿ, ಪೀಚ್ ಹಣ್ಣಿನ ಎರಡು ಬುಟ್ಟಿಗಳನ್ನು ಮೇಲ್ಪಡಸಾಲೆಯ ಕಟಾಂಜನಕ್ಕೆ ಹೊಡೆಸಿ, 13 ನಿಯಮಗಳನ್ನು ಬರೆದು ಕಲ್ಪಿಸಿದ ಆಟವಿದು. ಉಪಾಧ್ಯಾಯ ವೃತ್ತಿಯವರು ಕಲ್ಪಿಸಿದ್ದೆಂಬುದರಿಂದ ನಮಗೆ ಸ್ವಲ್ಪ ಅಭಿಮಾನವೂ ಉಂಟು. ಆ ನೈಸ್ಮಿತರು 1939ರ ಜನವರಿಯಲ್ಲಿ, ತಾವು ತೀರಿಕೊಂಡ ವರ್ಷದಲ್ಲಿಯೇ, ನ್ಯೂಯಾರ್ಕಿನ ರೇಡಿಯೋದಲ್ಲಿ ಮಾತನಾಡಿ, ಮೊದಲ ದಿನದ ಆಟವು ಹುಡುಗರ ಹೊಡೆದಾಟದಲ್ಲಿ ಮುಗಿದದ್ದನ್ನು ನಗುನಗುತ್ತ ಹೇಳಿದ್ದಾರೆ. ಆ ಧ್ವನಿಮುದ್ರಣವು ಇಂದಿಗೂ ಕೇಳಸಿಗುತ್ತದೆ. ಈಗಿನ ಅಂಗಳದ ಉದ್ದ 94 ಅಡಿ, ಅಗಲ 50 ಅಡಿ. ಬುಟ್ಟಿಯ ಬಳೆಯು ನೆಲದಿಂದ 10 ಅಡಿ ಎತ್ತರ. ಒಂದೊಂದು ಪಕ್ಷಕ್ಕೆ ಐವರು. 12 ನಿಮಿಷಗಳ ನಾಲ್ಕು ಭಾಗ. ಎನ್.ಬಿ.ಎ. ಎಂಬ ವೃತ್ತಿಪರ ಸಂಘವು 1946ರಲ್ಲಿ ಬೇರೆ ಹೆಸರಿನಿಂದ ಹುಟ್ಟಿ 1949ರಲ್ಲಿ ಈ ಹೆಸರನ್ನು ತಾಳಿತು. ಅದರಲ್ಲಿ 30 ತಂಡಗಳಿದ್ದು, ಅಕ್ಟೋಬರಿನಿಂದ ಏಪ್ರಿಲಿನವರೆಗೆ ಒಂದೊಂದು ತಂಡವೂ 82 ಆಟಗಳನ್ನು ಆಡುತ್ತದೆ. ಅನಂತರ ಗೆದ್ದವರ ಸೆಣಸಾಟವು ಜೂನ್‌ವರೆಗೆ.

ಕ್ರಿಕೆಟ್ಟಿನ ವೀಕ್ಷಕ ವಿವರಣೆಯನ್ನು ಕೇಳಿ ಬೆಳೆದವರು ನಾವು. ಅಲ್ಲಿ ಒಂದು ಎಸೆತಕ್ಕೂ ಇನ್ನೊಂದಕ್ಕೂ ನಡುವೆ ವಿರಾಮವುಂಟು. ವಿವರಣಕಾರನು ಮೋಡವನ್ನೂ ಮರವನ್ನೂ ಹಳೆಯ ಕಥೆಯನ್ನೂ ಹೇಳಿಕೊಳ್ಳಬಹುದು. ದಸರೆಯ ಜಂಬೂಸವಾರಿಯ ವಿವರಣೆಯನ್ನು ರೇಡಿಯೋದಲ್ಲಿ ಕೇಳಿದವರಿಗೂ ಈ ಸಾವಕಾಶದ ರುಚಿ ಗೊತ್ತು, ಆನೆಯೇನೂ ಓಡುವುದಿಲ್ಲವಷ್ಟೆ. ಬ್ಯಾಸ್ಕೆಟ್‌ಬಾಲಿನಲ್ಲಿ ಆ ಸಾವಕಾಶವಿಲ್ಲ. ಚೆಂಡನ್ನು ಹಿಡಿದ ಪಕ್ಷವು 24 ಸೆಕೆಂಡುಗಳೊಳಗೆ ಬುಟ್ಟಿಗೆ ಎಸೆಯಲೇಬೇಕು. ಹಿಂದೆ ಈ ಕಟ್ಟಳೆಯಿರಲಿಲ್ಲ. ಮುಂದಿರುವ ಪಕ್ಷವು ಚೆಂಡನ್ನು ಸುಮ್ಮನೆ ಕೈಯಲ್ಲಿಟ್ಟುಕೊಂಡು ಕಾಲ ಕಳೆಯುತ್ತಿತ್ತು. 1950ರ ನವೆಂಬರಿನಲ್ಲಿ ಒಂದು ಆಟವು 19ಕ್ಕೆ 18ರಂತೆ ಮುಗಿದು ಪ್ರೇಕ್ಷಕರಿಗೆ ತೂಕಡಿಕೆ ಬಂದಿತ್ತು. 1954ರಲ್ಲಿ ಸಿರಾಕ್ಯೂಸ್ ತಂಡದ ಒಡೆಯ ಡ್ಯಾನಿ ಬಯಾಸೋನ್ ಲೆಕ್ಕ ಹಾಕಿದರು: ಆಟದ 48 ನಿಮಿಷಗಳೆಂದರೆ 2,880 ಸೆಕೆಂಡು, ಚೆನ್ನಾದ ಆಟದಲ್ಲಿ ಎರಡೂ ಪಕ್ಷಗಳಿಂದ ಸುಮಾರು 120 ಎಸೆತ, ಭಾಗಿಸಿದರೆ 24. ಗಾಯತ್ರೀ ಛಂದಸ್ಸಿಗೂ 24 ಅಕ್ಷರಗಳೆಂಬುದು ಕಾಕತಾಳೀಯವೇ ಸರಿ. ಆದರೂ ಕೇಳುವವನಿಗೆ ಈ ಕಟ್ಟಳೆಯು ಛಂದಸ್ಸಿನಂತೆಯೇ ಉಪಕಾರಿಯಾಗಿದೆ. ಪಾದವು ಎಲ್ಲಿ ಮುಗಿಯುತ್ತದೆಂದು ಕಿವಿಗೆ ಮೊದಲೇ ತಿಳಿದಿರುವುದರಿಂದ, ಅರ್ಥವು ಪೂರ್ತಿಯಾಗದಿದ್ದರೂ ಲಯವು ತಪ್ಪುವುದಿಲ್ಲ.

ಇಷ್ಟು ವೇಗದ ಆಟವನ್ನು ಮಾತಿನಲ್ಲಿ ಹಿಡಿಯಬಹುದೆಂದು ತೋರಿಸಿಕೊಟ್ಟವರಲ್ಲಿ ಮಾರ್ಟಿ ಗ್ಲಿಕ್‌ಮನ್ ಎಂಬುವರ ಹೆಸರು ಮೊದಲು ಬರುತ್ತದೆ. ಇವರು ಓಟಗಾರರು, 1936ರ ಬರ್ಲಿನ್ ಒಲಿಂಪಿಕ್ಸಿಗೆ ಹೋಗಿ, ಓಟದ ಹಿಂದಿನ ದಿನ ರಿಲೇ ತಂಡದಿಂದ ತೆಗೆದುಹಾಕಲ್ಪಟ್ಟವರು. ಹಾಗೆ ತೆಗೆದ ಇಬ್ಬರೂ ಯೆಹೂದ್ಯರೇ ಆಗಿದ್ದರು. ಓಡಗೊಡದ ಆ ಮನುಷ್ಯರು ಆಮೇಲೆ ನ್ಯೂಯಾರ್ಕಿನ ‘ನಿಕ್ಸ್’ ತಂಡದ ಆಟಗಳನ್ನು ರೇಡಿಯೋದಲ್ಲಿ ಹೇಳುತ್ತ, ಓಡುವವರೊಂದಿಗೆ ನಾಲಿಗೆಯನ್ನು ಓಡಿಸಿದರು. ಅವರು ಮಾಡಿದ ದೊಡ್ಡ ಕೆಲಸವೆಂದರೆ ಅಂಗಳಕ್ಕೊಂದು ಭೂಗೋಳವನ್ನು ಕೊಟ್ಟದ್ದು. ಚೆಂಡು ಎಡದಿಂದ ಬಲಕ್ಕೆ ಹೋಗುತ್ತಿದೆಯೆ, ಮೂಲೆಯಲ್ಲಿದೆಯೆ, ಬುಟ್ಟಿಯ ಮುಂದಣ ಚೌಕದ ನೆತ್ತಿಯಲ್ಲಿದೆಯೆ, ಯಾರ ಕೈಯಲ್ಲಿದೆ, ಬುಟ್ಟಿಗೆ ಎಷ್ಟು ಅಡಿ ದೂರ, ಇವನ್ನೆಲ್ಲ ಸ್ಥಿರವಾದ ಮಾತುಗಳಲ್ಲಿ ಹೇಳಿದರು. ಬಳೆಯನ್ನು ಮುಟ್ಟದೆ ಬಲೆಯೊಳಗೆ ಇಳಿಯುವ ಚೆಂಡಿನ ಸಪ್ಪಳಕ್ಕೆ ‘ಸ್ವಿಶ್’ ಎಂಬ ಮಾತನ್ನು ಈ ಆಟದಲ್ಲಿ ರೂಢಿಗೆ ತಂದವರೂ ಇವರೇ. ಅನುಕರಣ ಶಬ್ದಗಳಲ್ಲಿ ನಮ್ಮ ಕನ್ನಡಕ್ಕೇನೂ ಬಡತನವಿಲ್ಲ. ಆದರೆ ಈ ಸಪ್ಪಳಕ್ಕೆ ನಾವೂ ಹುಡುಗನೂ ಎಷ್ಟು ಯೋಚಿಸಿದರೂ ಅದಕ್ಕಿಂತ ಒಳ್ಳೆಯದು ದೊರೆಯಲಿಲ್ಲ.

ಲಾಸ್ ಏಂಜಲೀಸಿನ ಚಿಕ್ ಹರ್ನ್ 1965ರ ನವೆಂಬರಿನಿಂದ 2001ರ ಡಿಸೆಂಬರಿನವರೆಗೆ ಒಂದೂ ತಪ್ಪದೆ 3,338 ಆಟಗಳನ್ನು ಹೇಳಿದರು. ಫೀನಿಕ್ಸಿನ ಆಲ್ ಮೆಕಾಯ್ 1972ರಿಂದ 2023ರವರೆಗೆ ಒಂದೇ ತಂಡಕ್ಕೆ ಧ್ವನಿಯಾಗಿದ್ದರು. ಬಾಸ್ಟನ್ನಿನ ಜಾನಿ ಮೋಸ್ಟ್ ಅವರದು ಜಲ್ಲಿಕಲ್ಲು ಉಜ್ಜಿದಂಥ ಕಂಠ; ಪಕ್ಷಪಾತವನ್ನು ಎಂದೂ ಮುಚ್ಚಿಡದವರು; ತಮ್ಮ ತಂಡದವರೆಲ್ಲ ಪಾಂಡವರು, ಬಂದವರೆಲ್ಲ ಕೌರವರು. ಅವರ ಧ್ವನಿಮುದ್ರಣಗಳನ್ನು ಕೇಳಿದಾಗ ನಮಗೆ ಸಿಟ್ಟು ಬಂದು, ಆಮೇಲೆ ಮತ್ತೆ ಕೇಳಬೇಕೆನಿಸಿತು.

ಕಿವಿಯ ಮಹಿಮೆಯನ್ನು ಹೇಳುವಾಗ 1962ರ ಮಾರ್ಚ್ 2ನೆಯ ತಾರೀಖನ್ನು ಬಿಡುವಂತಿಲ್ಲ. ಪೆನ್ಸಿಲ್ವೇನಿಯಾದ ಹರ್ಷಿ ಎಂಬ, ಚಾಕೊಲೇಟಿಗೆ ಹೆಸರಾದ ಸಣ್ಣ ಊರು. ಆಟ ಫಿಲಡೆಲ್ಫಿಯಾ ವಾರಿಯರ್ಸ್ ಪಕ್ಷಕ್ಕೂ ನ್ಯೂಯಾರ್ಕ್ ನಿಕ್ಸ್ ಪಕ್ಷಕ್ಕೂ. ಪ್ರೇಕ್ಷಕರು 4,124 ಮಂದಿ. ದೂರದರ್ಶನದವರು ಯಾರೂ ಬಂದಿರಲಿಲ್ಲ. ಆ ರಾತ್ರಿ ವಿಲ್ಟ್ ಚೇಂಬರ್ಲೇನ್ ಎಂಬ ಅತಿಕಾಯನು ಒಬ್ಬನೇ 100 ಅಂಕಗಳನ್ನು ಗಳಿಸಿದನು. ಮೂರು ಭಾಗ ಮುಗಿದಾಗ ಅವನ ಲೆಕ್ಕ 69. ಉಳಿದ 31 ಕೊನೆಯ ಹನ್ನೆರಡು ನಿಮಿಷಗಳಲ್ಲಿ ಬಂದುವು. ಅವನ ಪಕ್ಷವು 169ಕ್ಕೆ 147ರಿಂದ ಗೆದ್ದಿತು. ಈ ಆಟದ ಚಲಚ್ಚಿತ್ರವು ಒಂದು ನಿಮಿಷದ್ದಾದರೂ ಲೋಕದಲ್ಲಿಲ್ಲ. ಕೈಯಲ್ಲಿ 100 ಎಂದು ಬರೆದ ಕಾಗದವನ್ನು ಹಿಡಿದು ಕುಳಿತ ಅವನ ಛಾಯಾಚಿತ್ರವುಂಟು, ಉಳಿದದ್ದೆಲ್ಲ ಧ್ವನಿ. ಫಿಲಡೆಲ್ಫಿಯಾದ ಡಬ್ಲ್ಯು.ಸಿ.ಎ.ಯು. ನಿಲಯಕ್ಕಾಗಿ ಬಿಲ್ ಕ್ಯಾಂಬೆಲ್ ಆಟವನ್ನು ಹೇಳಿದ್ದರು. ರಾತ್ರಿ ನಿಲಯದವರು ಕೊನೆಯ ಭಾಗವನ್ನು ಮರುಪ್ರಸಾರ ಮಾಡಿದಾಗ, ಮಸಾಚುಸೆಟ್ಸಿನ ವಿಶ್ವವಿದ್ಯಾಲಯದ ವಿದ್ಯಾರ್ಥಿಯೊಬ್ಬನು ಅದನ್ನು ಟೇಪಿನಲ್ಲಿ ಹಿಡಿದಿಟ್ಟನು. ಹಗಲಿನಲ್ಲಿ ಹತ್ತಿರವೇ ಅಡಗುವ ಮಧ್ಯಮ ತರಂಗವು ರಾತ್ರಿಯಲ್ಲಿ ಆಕಾಶದ ಮೇಲಣ ಪದರಕ್ಕೆ ತಾಕಿ ಮರಳಿ ನೂರಾರು ಮೈಲು ದಾಟುತ್ತದೆಂಬುದನ್ನು ಹಳೆಯ ರೇಡಿಯೋ ಪೆಟ್ಟಿಗೆಯ ಗುಂಡಿಯನ್ನು ತಿರುಗಿಸಿದವರೆಲ್ಲರೂ ಬಲ್ಲರು. 2016ರಲ್ಲಿ ಅಮೆರಿಕದ ಲೈಬ್ರರಿ ಆಫ್ ಕಾಂಗ್ರೆಸ್ಸಿನವರು ಈ ಧ್ವನಿಯನ್ನು ತಮ್ಮ ರಾಷ್ಟ್ರೀಯ ಧ್ವನಿಮುದ್ರಣಗಳ ಪಟ್ಟಿಗೆ ಸೇರಿಸಿದರು. ನಾವು ಅದನ್ನು ಎರಡು ಬಾರಿ ಕೇಳಿದೆವು. ಆ ಆಟವನ್ನು ಕಣ್ಣುಳ್ಳವರೂ ಇಂದು ನಮ್ಮ ಹಾಗೆ ಕಿವಿಯಿಂದಲೇ ನೋಡಬೇಕಾಗಿದೆಯೆಂಬುದು ನಮಗೆ ಏನೋ ಒಂದು ಸಮಾಧಾನವನ್ನು ಕೊಟ್ಟಿತೆಂಬುದನ್ನು ಒಪ್ಪಿಕೊಳ್ಳುತ್ತೇವೆ.

ಇನ್ನು, ಕೇಳುವ ಮಾರ್ಗಗಳು. ಅಮೆರಿಕದಲ್ಲಿಯೇ ಇರುವ ನಮ್ಮವರಿಗೆ ಎಲ್ಲಕ್ಕಿಂತ ಸುಲಭವಾದದ್ದು ಊರಿನ ರೇಡಿಯೋ. ತಂಡವುಳ್ಳ ಊರಿನ ಯಾವುದಾದರೊಂದು ನಿಲಯವು ಆಟಗಳನ್ನು ಬಿತ್ತರಿಸುತ್ತದೆ; ಸುತ್ತಣ ಸಣ್ಣ ಊರುಗಳ ನಿಲಯಗಳು ಅದನ್ನೇ ಪಡೆದು ಹಂಚುತ್ತವೆ. ಕಾಸಿಲ್ಲ, ಚಂದಾ ಇಲ್ಲ, ಗುಪ್ತಪದವನ್ನು ನೆನಪಿಡಬೇಕಾದುದಿಲ್ಲ. ಒಂದು ಗುಂಡಿ ತಿರುಗಿಸಿದರಾಯಿತು. ಕೆಲವು ಊರುಗಳಲ್ಲಿ ಸ್ಪ್ಯಾನಿಷ್ ಭಾಷೆಯ ವಿವರಣೆಯೂ ಉಂಟು. ಎರಡನೆಯದು ಸಿರಿಯಸ್‌ಎಕ್ಸ್‌ಎಮ್ ಎಂಬ ಚಂದಾ ರೇಡಿಯೋ. ಉಪಗ್ರಹದಿಂದ ನೇರವಾಗಿ ಕಾರಿಗಿಳಿಯುವುದರಿಂದ, ಊರಿಂದೂರಿಗೆ ದಿನವಿಡೀ ಹೋದರೂ ಆಟವು ನಡುವೆ ಕಡಿಯುವುದಿಲ್ಲ. ಅಮೆರಿಕ, ಕೆನಡಾ ದಾಟಿದರೆ ಮಾತ್ರ ಅದಿಲ್ಲ. ನಮ್ಮಲ್ಲಿಯೂ ವರ್ಲ್ಡ್‌ಸ್ಪೇಸ್ ಎಂಬ ಉಪಗ್ರಹ ರೇಡಿಯೋ ಇದ್ದುದನ್ನೂ, ಅದರಲ್ಲಿ ಇಡೀ ದಿನ ಸಂಗೀತ ಕೇಳಿದುದನ್ನೂ ಕೆಲವರು ನೆನೆಯಬಹುದು. 2009ರ ಕೊನೆಗೆ ಅದು ನಿಂತಿತು. ಅದರ ಪೆಟ್ಟಿಗೆಯು ನಮ್ಮ ಅಟ್ಟದ ಮೇಲೆ ಈಗಲೂ ಇದೆ.

ಮೈಸೂರಿನಲ್ಲಿ ಕುಳಿತವರಿಗೆ ಉಳಿದ ದಾರಿ ಇಂಟರ್ನೆಟ್. ಇಲ್ಲಿ ನಾವು ಮೊದಲು ಮೋಸಹೋದ ರೀತಿಯನ್ನು ಹೇಳಿದರೆ ಇತರರಿಗೆ ಉಪಯೋಗವಾದೀತು. ಅಮೆರಿಕದ ನಿಲಯಗಳ ಧ್ವನಿಯು ಇಂಟರ್ನೆಟ್ಟಿನಲ್ಲಿ ಸಿಕ್ಕುತ್ತದೆಂದು ಕೇಳಿ, ಒಂದು ನಿಲಯವನ್ನು ಹುಡುಕಿ, ಆಟದ ವೇಳೆಗೆ ಕಿವಿಗೊಟ್ಟು ಕುಳಿತೆವು. ಆಟಕ್ಕೆ ಬದಲಾಗಿ ಇಬ್ಬರು ಗೃಹಸ್ಥರು ಇನ್ನಾವುದೋ ವಿಷಯವನ್ನು ಚರ್ಚಿಸುತ್ತಿದ್ದರು. ಇದು ಪೀಠಿಕೆಯಿರಬೇಕೆಂದು ಒಂದು ಗಂಟೆ ಕೇಳಿದೆವು. ಆಮೇಲೆ ಅಳಿಯಂದಿರು ತಿಳಿಸಿದರು: ಆಕಾಶದ ಅಲೆಯಲ್ಲಿ ಆಟವನ್ನು ಬಿತ್ತರಿಸುವ ಹಕ್ಕೇ ಬೇರೆ, ಇಂಟರ್ನೆಟ್ಟಿನಲ್ಲಿ ಲೋಕಕ್ಕೆಲ್ಲ ಕಳುಹಿಸುವ ಹಕ್ಕೇ ಬೇರೆ, ಎಷ್ಟೋ ನಿಲಯಗಳಿಗೆ ಎರಡನೆಯದು ಇರುವುದಿಲ್ಲವಾದ್ದರಿಂದ, ಆಟದ ಹೊತ್ತಿಗೆ ಆ ದಾರಿಯಲ್ಲಿ ಬೇರೆ ಮಾತನ್ನು ಬಿಡುತ್ತಾರೆ. ಸಂಘದವರದೇ ಆದ ಆ್ಯಪನ್ನು ಮೊಬೈಲಿನಲ್ಲಿ ಇಟ್ಟುಕೊಂಡು ‘ಲೀಗ್ ಪಾಸ್’ ಎಂಬ ಚಂದಾ ಕಟ್ಟುವುದೇ ಕ್ರಮವಾದ ದಾರಿ. ಅದರಲ್ಲಿ ಚಿತ್ರವನ್ನು ಬಿಟ್ಟು ರೇಡಿಯೋ ಧ್ವನಿಯನ್ನೇ ಆರಿಸಿಕೊಳ್ಳಬಹುದು. ಅದರಲ್ಲಿಯೂ ಆತಿಥೇಯರ ಧ್ವನಿ, ಅತಿಥಿಗಳ ಧ್ವನಿ ಎಂದು ಎರಡುಂಟು. ಚಂದಾ ಕಟ್ಟುವ ಮೊದಲು, ಕೊಡುವ ಹಣಕ್ಕೆ ಧ್ವನಿಯೂ ಸೇರಿದೆಯೇ ಎಂಬುದನ್ನು ಓದಿ ನೋಡತಕ್ಕದ್ದು. ಧ್ವನಿಗೆ ತಗಲುವ ಡೇಟಾ ಚಿತ್ರಕ್ಕಿಂತ ಬಹಳ ಕಡಮೆ. ಹಳ್ಳಿಯ ಮಂದವಾದ ಸಂಪರ್ಕದಲ್ಲಿಯೂ ನಡೆಯುತ್ತದೆ.

ನಮ್ಮ ಪಕ್ಷವು ಸೋಲುತ್ತಿದೆಯೆಂದು ಕಂಡಾಗ ನಾವು ಎದುರು ಪಕ್ಷದ ವಿವರಣಕಾರರಿಗೆ ಕಿವಿಯನ್ನು ತಿರುಗಿಸುತ್ತೇವೆ. ಸೋಲನ್ನು ಸಂತೋಷದ ಧ್ವನಿಯಲ್ಲಿ ಕೇಳುವುದು ಒಂದು ಬಗೆಯ ಚಿಕಿತ್ಸೆ. ಅಲ್ಲದೆ, ಜಗಳವನ್ನು ಎರಡು ಮನೆಗಳಿಂದಲೂ ಕೇಳಿದಾಗಲೇ ನಿಜವು ತಿಳಿಯುವುದು.

ಅಮೆರಿಕದ ಪೂರ್ವತೀರದ ಸಂಜೆ ಏಳೂವರೆಯ ಆಟವು ಚಳಿಗಾಲದಲ್ಲಿ ನಮಗೆ ಬೆಳಿಗ್ಗೆ ಆರಕ್ಕೆ ಬರುತ್ತದೆ. ಪಶ್ಚಿಮ ತೀರದ್ದು ಒಂಬತ್ತಕ್ಕೆ. ಮಾರ್ಚಿಯಲ್ಲಿ ಅವರು ಗಡಿಯಾರವನ್ನು ಮುಂದಕ್ಕೆ ತಿರುಗಿಸಿದ ಮೇಲೆ ಎಲ್ಲವೂ ನಮಗೆ ಒಂದು ಗಂಟೆ ಮೊದಲು. ನವೆಂಬರಿನಲ್ಲಿ ಹಿಂದಕ್ಕೆ ತಿರುಗಿಸುತ್ತಾರೆ. ಇದನ್ನು ಮರೆತು ನಾವು ಎರಡು ಆಟಗಳ ಮೊದಲ ಅರ್ಧವನ್ನು ಕಳೆದುಕೊಂಡಿದ್ದೇವೆ.

ಇನ್ನೊಂದು ತೊಡಕು ವಿಳಂಬ. ರೇಡಿಯೋ ಅಲೆಯು ಆಡಿದ ಮಾತನ್ನು ಬಹುಮಟ್ಟಿಗೆ ಆ ಕ್ಷಣವೇ ತಲಪಿಸುತ್ತದೆ. ಇಂಟರ್ನೆಟ್ಟಿನಲ್ಲಿ ಹಾಗಲ್ಲ: ಧ್ವನಿಯನ್ನು ಸಣ್ಣ ತುಂಡುಗಳಾಗಿ ಕತ್ತರಿಸಿ, ನಡುನಡುವೆ ಯಂತ್ರಗಳಲ್ಲಿ ತಂಗಿಸಿ, ನಮ್ಮ ಮೊಬೈಲು ಕೆಲವು ತುಂಡುಗಳನ್ನು ಕೂಡಿಟ್ಟುಕೊಂಡ ಮೇಲೆಯೇ ನುಡಿಯಲಾರಂಭಿಸುತ್ತದೆ. ಅರ್ಧ ನಿಮಿಷ, ಒಮ್ಮೊಮ್ಮೆ ಹೆಚ್ಚು, ಹಿಂದೆ ಬೀಳುವುದು ಸಾಮಾನ್ಯ. ಹುಡುಗನು ಅಲ್ಲಿ ರೇಡಿಯೋ ಹಾಕಿಕೊಂಡು, ನಾವು ಇಲ್ಲಿ ಆ್ಯಪು ಹಾಕಿಕೊಂಡು, ನಡುವೆ ಟೆಲಿಫೋನು ಹಿಡಿದು ಜತೆಯಾಗಿ ಕೇಳೋಣವೆಂದು ಹೂಡಿದಾಗ ನಡೆದದ್ದೇನೆಂದರೆ, ನಮ್ಮ ಕಿವಿಯಲ್ಲಿ ಚೆಂಡಿನ್ನೂ ನಡುಗೆರೆಯನ್ನು ದಾಟದಿರುವಾಗಲೇ ಅವನು “ಬಿತ್ತು!” ಎಂದು ಕೂಗುವುದು, “ತಾತ, ನಿಮಗಿನ್ನೂ ಬಂದಿಲ್ಲವಾ?” ಎಂದು ನಗುವುದು. ಭವಿಷ್ಯವನ್ನು ಬಲ್ಲವರೊಂದಿಗೆ ಸಹವಾಸ ಕಷ್ಟ. ಕೊನೆಗೆ ಅವನೂ ರೇಡಿಯೋವನ್ನು ಬಿಟ್ಟು ನಮ್ಮಂತೆ ಆ್ಯಪಿಗೆ ಬಂದನು. ಮುಂದಿರುವವರು ಒಂದು ಕ್ಷಣ ನಿಲ್ಲಿಸಿ ಹಿಂದಿರುವವರಿಗಾಗಿ ಕಾಯಬೇಕೆಂದು ಗೊತ್ತುಮಾಡಿಕೊಂಡೆವು.

ವಿವರಣೆಯ ಗುಣದ ವಿಷಯದಲ್ಲಿ ನಮ್ಮದೊಂದು ಅಭಿಪ್ರಾಯವುಂಟು. ದೂರದರ್ಶನಕ್ಕೂ ರೇಡಿಯೋವಿಗೂ ಒಬ್ಬರದೇ ಮಾತನ್ನು ಕೊಡುವ ಪದ್ಧತಿ ಕೆಲವೆಡೆ ಇದೆ. ಚಿಕ್ ಹರ್ನ್ ಅವರು ಹಾಗೆ ಹೇಳಿ ಗೆದ್ದರು, ಏಕೆಂದರೆ ಅವರು ಕಣ್ಣಿಲ್ಲದವನನ್ನೇ ಮನಸ್ಸಿನಲ್ಲಿಟ್ಟುಕೊಂಡು ಹೇಳುತ್ತಿದ್ದರು. ಕಾಣುವವನಿಗೆ ನಾಲ್ಕು ಮಾತು ಹೆಚ್ಚಾದರೆ ನಷ್ಟವಿಲ್ಲ. ಚಿತ್ರವನ್ನು ನೆಚ್ಚಿ ಮೌನವಾಗುವವರ ಮಾತನ್ನು ರೇಡಿಯೋವಿಗೆ ಕೊಟ್ಟರೆ ಕೇಳುವವನು ಕತ್ತಲೆಯಲ್ಲಿ ಬಿಡಲ್ಪಡುತ್ತಾನೆ. 2020ರಲ್ಲಿ ಕೋವಿಡ್ ನಿಮಿತ್ತ ಫ್ಲಾರಿಡಾದ ಒಂದೇ ಸ್ಥಳದಲ್ಲಿ ಆಟಗಳನ್ನು ನಡೆಸಿದಾಗ, ತಂಡಗಳ ರೇಡಿಯೋ ವಿವರಣಕಾರರು ದೂರದ ತಮ್ಮ ಊರುಗಳಲ್ಲಿ ಪರದೆಯನ್ನು ನೋಡುತ್ತ ಹೇಳಬೇಕಾಯಿತು. ಪರದೆಯ ಅಂಚಿನಾಚೆ ನಡೆದದ್ದು ಅವರಿಗೂ ಕಾಣುತ್ತಿರಲಿಲ್ಲ. ನಮ್ಮ ಕಾಯಿಲೆಯೇ ಅವರಿಗೂ ಬಂದಂತಾಗಿತ್ತು. ಇದಕ್ಕೆ ಪ್ರತಿಯಾಗಿ ಒಂದು ಸಂತೋಷದ ಸಂಗತಿ: 2025ರಲ್ಲಿ ಪೋರ್ಟ್‌ಲ್ಯಾಂಡ್ ತಂಡದವರೂ, ಅನಂತರ ನಮ್ಮ ಸ್ಯಾಕ್ರಮೆಂಟೊದವರೂ, ಅಂಧರಾದ ಪ್ರೇಕ್ಷಕರಿಗೆ ತೊಡೆಯ ಮೇಲಿಟ್ಟುಕೊಳ್ಳುವ ಒಂದು ಹಲಗೆಯನ್ನು ಕೊಡಲಾರಂಭಿಸಿದರು. ಅದರ ಮೇಲೆ ಅಂಗಳದ ಗೆರೆಗಳು ಉಬ್ಬಿರುತ್ತವೆ. ಚೆಂಡಿರುವ ಕಡೆ ಬೆರಳಿಗೆ ಅದುರುವಿಕೆ ತಿಳಿಯುತ್ತದೆ. ಗ್ಲಿಕ್‌ಮನ್ನರ ಭೂಗೋಳವು ಬೆರಳಿಗೆ ಇಳಿದಿದೆ.

ಈ ವಿವರಣಕಾರರನ್ನು ಸಂಜಯನಿಗೆ ಹೋಲಿಸುವುದು ನಮ್ಮಲ್ಲಿ ವಾಡಿಕೆ. ಹೋಲಿಕೆಯು ಪೂರ್ತಿ ಸರಿಯಲ್ಲ. ವ್ಯಾಸರ ಗ್ರಂಥದಲ್ಲಿ ಸಂಜಯನು ಯುದ್ಧದ ಹತ್ತನೆಯ ದಿನ ರಣಭೂಮಿಯಿಂದ ಓಡಿಬಂದು, ಭೀಷ್ಮನು ಬಿದ್ದನೆಂಬುದನ್ನು ಮೊದಲು ಹೇಳಿ, ಆಮೇಲೆ ಧೃತರಾಷ್ಟ್ರನು ಕೇಳಲಾಗಿ ಆದಿಯಿಂದ ವರ್ಣಿಸುತ್ತಾನೆ. ಅದು ನೇರ ಪ್ರಸಾರವಲ್ಲ. ಹರ್ಷಿಯ ಆಟದ ಹಾಗೆ ಮರುಪ್ರಸಾರ. ಇದನ್ನು ನಾವು ಪಾಠದಲ್ಲಿ ಎಷ್ಟೋ ಸಲ ಹೇಳಿದ್ದೆವಾದರೂ, ಅದರ ಕಷ್ಟವು ತಿಳಿದದ್ದು ಈಗ.

ಏಕೆಂದರೆ ಸ್ಯಾಕ್ರಮೆಂಟೊದ ಏಳು ಗಂಟೆಯ ಆಟವು ಮುಗಿಯುವುದು ಒಂಬತ್ತೂವರೆಗೆ. ಹುಡುಗನು ಮಲಗತಕ್ಕದ್ದು ಒಂಬತ್ತಕ್ಕೆ. ಕೊನೆಯ ಭಾಗವು ಅವನಿಗಿಲ್ಲ. ಅದನ್ನು ನಾವು ಕೇಳಿ, ಇಲ್ಲಿ ರಾತ್ರಿ ಎಂಟಾದಾಗ, ಅಲ್ಲಿ ಅವನು ಶಾಲೆಗೆ ಹೊರಡುವ ಮುನ್ನ ತಿಂಡಿಗೆ ಕುಳಿತಿರುವಾಗ, ಹೇಳಬೇಕೆಂಬುದು ಒಪ್ಪಂದ. ಕನ್ನಡದಲ್ಲಿಯೇ ಹೇಳಬೇಕೆಂಬ ಷರತ್ತನ್ನು ನಾವು ಹಾಕಿದೆವು. ಅವನು ಸ್ವಲ್ಪ ಯೋಚಿಸಿ ಒಪ್ಪಿದನು. ಹಗಲೆಲ್ಲ ನಾವು ಶಬ್ದಗಳನ್ನು ಹೊಂದಿಸಿಕೊಳ್ಳುತ್ತೇವೆ. ಬಳೆಗೆ ತಾಕಿ ಹಿಂದೆ ಚಿಮ್ಮಿದ ಚೆಂಡನ್ನು ಹಿಡಿಯುವುದಕ್ಕೆ ‘ಮರುಪುಟ’ ಎಂದೆವು. ಅವನು ಅದನ್ನು ಸ್ವೀಕರಿಸಿದನು. ಮೇಲೆ ಹಾರಿ ಬುಟ್ಟಿಗೆ ತುರುಕುವುದಕ್ಕೆ ನಾವು ಕೊಟ್ಟ ಸಂಸ್ಕೃತ ಸಮಾಸವನ್ನು ಕೇಳಿ ನಕ್ಕು, ‘ಡಂಕ್’ ಎಂದೇ ಇರಲಿ ಎಂದನು. ‘ಎದುರಾಳಿ’, ‘ಹಿಮ್ಮೆಟ್ಟು’, ‘ತಬ್ಬಿಬ್ಬಾಗು’ ಎಂಬ ಮಾತುಗಳನ್ನು ಈಗ ಅವನೇ ಆಡುತ್ತಾನೆ.

ಕಿಂಗ್ಸ್ ಪಕ್ಷವು ಗೆದ್ದರೆ ತಮ್ಮ ಕ್ರೀಡಾಮಂದಿರದ ಮೇಲಿನಿಂದ ನೇರಳೆ ಬಣ್ಣದ ಒಂದು ಬೆಳಕಿನ ಕಂಬವನ್ನು ಆಕಾಶಕ್ಕೆ ಬಿಡುವ ಪದ್ಧತಿಯನ್ನು 2022ರಲ್ಲಿ ಆರಂಭಿಸಿದರು. ಅದು ಮಗಳ ಮನೆಯ ಕಿಟಕಿಯಿಂದ ಕಾಣುತ್ತದೆ. ಹುಡುಗನು ರಾತ್ರಿ ಎದ್ದು ನೋಡಿಬಿಟ್ಟರೆ ಫಲಿತಾಂಶವು ತಿಳಿದುಹೋಗುವುದೆಂದು ಅವನೇ ಹೇಳಿ, ತಾಯಿಯಿಂದ ಕಿಟಕಿಯ ಪರದೆಯನ್ನು ಎಳೆಯಿಸಿಕೊಂಡು ಮಲಗುತ್ತಾನೆ. ಬೆಳಿಗ್ಗೆ ಟೆಲಿಫೋನಿನಲ್ಲಿ ಅವನ ಮೊದಲ ಮಾತು, “ತಾತ, ಯಾರು ಗೆದ್ದರು ಅಂತ ಮೊದಲೇ ಹೇಳಬೇಡಿ, ಮೊದಲಿಂದ ಹೇಳಿ.”